ಗಾರ್ಸ್‌ಗೆ ಕನ್ನಡ ಹೆಸರು ಬೇಕೆ?

ನೀಲಗಿರಿಯ ಎತ್ತರದ ಹುಲ್ಲುಗಾವಲುಗಳಲ್ಲಿ ಹಳದಿ ಹೂಗಳಿಂದ ಕಿಕ್ಕಿರಿದ ಮುಳ್ಳುಪೊದೆಯೊಂದು ಹಬ್ಬಿದೆ. ಅವರೆ, ತೊಗರಿಗಳ ಕುಟುಂಬಕ್ಕೆ ಸೇರಿದ ಈ ಸಸ್ಯದ ಇಂಗ್ಲಿಷ್ ಹೆಸರು ಗಾರ್ಸ್; ಶಾಸ್ತ್ರೀಯ ನಾಮ ಯೂಲೆಕ್ಸ್ ಯುರೋಪಿಯಸ್. ಪಶ್ಚಿಮ ಯುರೋಪು ಅದರ ತವರು. ಬೆಟ್ಟವನ್ನು ತಮ್ಮ ನಾಡಿನಂತೆ ಮಾಡಿಕೊಳ್ಳಹೊರಟ ಬ್ರಿಟಿಷರ ಕಾಲದಲ್ಲಿ ಅದು ಇಲ್ಲಿಗೆ ಬಂದಿತು. ನೀಲಗಿರಿಯ ಕುರಿತ ಬರಹವನ್ನು ಕನ್ನಡಕ್ಕೆ ತರುವ ವಿದ್ಯಾರ್ಥಿ ಇದಕ್ಕೆ 'ಹೊನ್ಮುಳ್ಳು', 'ಸ್ವರ್ಣಕಂಟಕ' ಎಂಬಂಥ ಪದವನ್ನು ಟಂಕಿಸಲು ಮನಸ್ಸು ಮಾಡುವುದು ಸಹಜ. ಆದರೆ ಹಾಗೆ ಮಾಡುವುದು ತರವಲ್ಲ.

ಇದಕ್ಕೆ ಕಾರಣ 'ನೀಲಗಿರಿ' ಎಂಬ ಪದದಲ್ಲಿಯೇ ಇದೆ. ಕನ್ನಡದಲ್ಲಿ ನೀಲಗಿರಿ ಎಂದರೆ ಬೆಟ್ಟ ಮಾತ್ರವಲ್ಲ, ಯೂಕಲಿಪ್ಟಸ್ ಮರವೂ ಹೌದು. ಮರಾಠಿಯಲ್ಲಿಯೂ ಅದು ನಿಲಗಿರಿಯೇ. ಆಸ್ಟ್ರೇಲಿಯದ ಆ ಮರ ಬೆಟ್ಟವನ್ನೇರಿದ್ದು 1840ರ ದಶಕದಲ್ಲಿ. ಮುಂದೆ ಅದು ಬೆಟ್ಟದ ಹುಲ್ಲುಗಾವಲನ್ನು ಆಕ್ರಮಿಸಿದ್ದಲ್ಲದೆ ಬೆಟ್ಟದ ಹೆಸರನ್ನೂ ಪಡೆಯಿತು. ಸೊಲ್ಲಾಪುರ, ಅಕ್ಕಲಕೋಟೆಯ ಕಡೆಯ ವಿದ್ಯಾರ್ಥಿ ಎರಡು ಭಾಷೆಗಳಲ್ಲಿಯೂ ಆ ಪದವನ್ನು ಬಲ್ಲನು. ಮರವು ಪರದೇಶದ್ದೆಂಬ ಸುಳಿವು ಅವನಿಗೆ ಎರಡರಲ್ಲಿಯೂ ಸಿಗುವುದಿಲ್ಲ. ಊರಿನ ಹೆಸರಿನ ಗತಿಯೂ ಅದೇ. ತೋಡರ ನೆಲೆಗೆ 'ಮಂದು' ಎಂದು ಹೆಸರು. ಆ ಮಂದು 'ಉದಕಮಂಡಲ'ದೊಳಗೆ ಮಂಡಲವಾಗಿ ಕುಳಿತಿದೆ. ಕೇಳಲು ಇಂಪು, ತೋಡರು ಮಾತ್ರ ಕಾಣುವುದಿಲ್ಲ.

ಗಾರ್ಸ್‌ನ ವಿಷಯದಲ್ಲಿ ಈ ಮರೆವು ದುಬಾರಿಯಾದುದು. ಎಳೆಯ ಸಸಿಯಲ್ಲಿ ಮೂರೆಸಳಿನ ಎಲೆಗಳಿರುತ್ತವೆ. ಬೆಳೆದಂತೆ ಅವುಗಳ ಸ್ಥಾನದಲ್ಲಿ ಮುಳ್ಳುಗಳೇ ಬರುತ್ತವೆ. ಬಿಸಿಲಿಗೆ ಒಣಗಿದ ಕಾಯಿ ಸಿಡಿದು ಬೀಜವನ್ನು ದೂರಕ್ಕೆ ಎಸೆಯುತ್ತದೆ. ಬೀಜವು ಮಣ್ಣಿನಲ್ಲಿ ಸುಮಾರು 30 ವರ್ಷ ಜೀವ ಹಿಡಿದಿರಬಲ್ಲುದು. ಗಿಡದಲ್ಲಿ ಎಣ್ಣೆಯ ಅಂಶವಿರುವುದರಿಂದ ಬೇಗ ಹೊತ್ತಿಕೊಳ್ಳುತ್ತದೆ. ಸುಟ್ಟ ಬುಡ ಮತ್ತೆ ಚಿಗುರುತ್ತದೆ. ಅಮೆರಿಕದ ಓರೆಗಾನ್ ಕರಾವಳಿಯ ಬ್ಯಾಂಡನ್ ಪಟ್ಟಣ 1936ರಲ್ಲಿ ಸುಟ್ಟುಹೋದಾಗ ಬೆಂಕಿಗೆ ಬಲ ಕೊಟ್ಟದ್ದು ಐರ್ಲೆಂಡಿನಿಂದ ತಂದು ನೆಟ್ಟಿದ್ದ ಇದೇ ಪೊದೆ. ಬೇಲಿಗೆಂದು ಇದನ್ನು ಬೆಳೆಸಿದ ನ್ಯೂಜಿಲೆಂಡ್, ಇದರ ಬೀಜ ತಿನ್ನುವ ಮೂತಿಹುಳುವನ್ನು 1931ರಲ್ಲಿ ಯುರೋಪಿನಿಂದ ತರಿಸಿಯೂ ಗೆಲ್ಲಲಿಲ್ಲ. ನೀಲಗಿರಿಯಲ್ಲಿ ಇದು ಕಸಿಯುವುದು ಶೋಲಾ ಕಾಡುಗಳ ನಡುವಿನ ಹುಲ್ಲನ್ನು, ಎಂದರೆ ತೋಡರ ಎಮ್ಮೆಗಳ ಮೇವನ್ನು. ಇಂಥದಕ್ಕೆ ಹೊನ್ನಿನ ಹೆಸರಿಟ್ಟರೆ ಓದುಗನು ಅದನ್ನು ಬೆಟ್ಟದ ಸಿರಿಯೆಂದೇ ತಿಳಿದಾನು.

ಪರಭಾಷೆಯ ಪದವನ್ನು ಹಾಗೆಯೇ ಇಟ್ಟರೆ ಕನ್ನಡ ಬಡವಾಗುವುದೆಂಬ ಆಕ್ಷೇಪ ಇದ್ದೇ ಇದೆ. ರೈಲು, ಬಸ್ಸುಗಳನ್ನು ಅರಗಿಸಿಕೊಂಡ ನುಡಿಗೆ ಒಂದು ಗಾರ್ಸ್ ಭಾರವಲ್ಲ. ಅದಕ್ಕಿಂತ ತೂಕದ ಆಕ್ಷೇಪವೆಂದರೆ, ಹೆಸರಿಡುವವರು ಪಂಡಿತರಲ್ಲ, ಜನ ಎಂಬುದು. ಇದು ನಿಜ. 1950ರ ದಶಕದಲ್ಲಿ ಪುಣೆಯಲ್ಲಿ ಕಾಣಿಸಿಕೊಂಡ ಪಾರ್ಥೇನಿಯಂ ಕನ್ನಡದ ರೈತನಿಗೆ ಕಾಂಗ್ರೆಸ್ ಗಿಡವಾಯಿತು, ಮರಾಠಿಯವನಿಗೆ ಎಲೆಯ ಹೋಲಿಕೆಯಿಂದ ಗಾಜರ ಗವತವಾಯಿತು. ಯಾವ ಪರಿಭಾಷಾ ಸಮಿತಿಯನ್ನೂ ಅವರು ಕಾಯಲಿಲ್ಲ. ಹೊಲದಲ್ಲಿ ಅದನ್ನು ಕಿತ್ತು ಮೈ ತುರಿಸಿಕೊಂಡವರು ಇಟ್ಟ ಹೆಸರುಗಳವು; ಅವುಗಳಲ್ಲಿ ಮೆಚ್ಚುಗೆಯ ಸೋಂಕಿಲ್ಲ.

ಆದುದರಿಂದ ಗಾರ್ಸ್‌ಗೆ ನೆಲದ ಹೆಸರು ಬೇಕೆನ್ನುವವರು ನಿಘಂಟಿನ ಸಂಸ್ಕೃತ ಪದಗಳನ್ನು ಜೋಡಿಸುವುದಕ್ಕಿಂತ ಬೆಟ್ಟದ ಹಟ್ಟಿಗಳಲ್ಲಿ ಕೇಳುವುದು ಲೇಸು. ಬಡಗರ ನುಡಿ ಕನ್ನಡಕ್ಕೆ ಅತಿ ಸಮೀಪದ್ದು. 'ಬಡಗ' ಎಂಬ ಹೆಸರೇ ಬಡಗಣ ದಿಕ್ಕಿನಿಂದ ಬಂದವರೆಂದು ಸಾರುತ್ತದೆ. ಆ ಪೊದೆಯ ಪಕ್ಕದಲ್ಲಿ ದನ ಮೇಯಿಸಿದ ಹಿರಿಯರು ಅದನ್ನು ಏನೆಂದು ಕರೆಯುತ್ತಾರೋ ಅದು, ಬೈಗುಳವಾಗಿದ್ದರೂ ಸರಿ, ಕನ್ನಡ ಬರಹಕ್ಕೆ ಸಲ್ಲಬೇಕು. ಅದು ಸಿಗುವವರೆಗೆ ಅನುವಾದಕನು ಗಾರ್ಸ್ ಎಂದೇ ಬರೆದು, ಮೊದಲ ಸಲ ಬಳಸುವಾಗ 'ಯುರೋಪಿನಿಂದ ತಂದ ಮುಳ್ಳುಪೊದೆ' ಎಂಬ ನಾಲ್ಕು ಮಾತು ಸೇರಿಸಲಿ.