ಜೀವನಾಂಶಕ್ಕೆ ಎರಡು ತಕ್ಕಡಿ

ನಮ್ಮ ಕೂಟದ ಗಂಡಸರ ಗುಂಪಿನಲ್ಲಿ ಒಂದು ಮಾತು ಪದೇ ಪದೇ ಕೇಳಿಬರುತ್ತದೆ. ಸ್ವೀಡನ್ನಿನ ಕಾನೂನು ಎಷ್ಟು ಚೆನ್ನ, ಡೈವೋರ್ಸ್ ಆದಮೇಲೆ ಅವರವರ ಹೊಟ್ಟೆ ಅವರವರದು. ಇಂಡಿಯಾದಲ್ಲೋ, ಗಂಡನಾದವನು ಜೀವಮಾನವಿಡೀ ಕಪ್ಪ ಕಟ್ಟಬೇಕು ಎಂದು. 2024ರ ಆಗಸ್ಟಿನಲ್ಲಿ ತಿಂಗಳಿಗೆ 6,16,300 ರೂಪಾಯಿ ಜೀವನಾಂಶ ಕೇಳಿದ ಮಹಿಳೆಗೆ ಕರ್ನಾಟಕ ಹೈಕೋರ್ಟಿನ ನ್ಯಾಯಮೂರ್ತಿಗಳು, ಅಷ್ಟು ಖರ್ಚು ಮಾಡಬೇಕಿದ್ದರೆ ಆಕೆಯೇ ದುಡಿಯಲಿ ಎಂದ ವಿಡಿಯೋ ಎಲ್ಲರ ಫೋನಿನಲ್ಲೂ ಓಡಾಡಿತು. ಅಂದಿನಿಂದ ಈ ಮಾತಿಗೆ ಇನ್ನಷ್ಟು ಬಲ ಬಂದಿದೆ.

ಮಾತು ಅರ್ಧ ನಿಜ. ಉಳಿದರ್ಧವನ್ನು ನುಂಗಿಕೊಳ್ಳುವುದರಲ್ಲಿ ನಮ್ಮ ಮಿತ್ರರಿಗೆ ಲಾಭವಿದೆ ಎಂಬುದೇ ನಮ್ಮ ತಕರಾರು.

1988ರ ಜನವರಿ 1ರಿಂದ ಜಾರಿಯಲ್ಲಿರುವ ಇಲ್ಲಿನ ವಿವಾಹ ಸಂಹಿತೆಯ ಪ್ರಕಾರ ವಿಚ್ಛೇದನದ ನಂತರ ಇಬ್ಬರೂ ತಂತಮ್ಮ ಕಾಲ ಮೇಲೆ ನಿಲ್ಲಬೇಕು, ನಿಜ. ಕಾಲೂರಿಕೊಳ್ಳುವವರೆಗೆ ಒಂದಷ್ಟು ಕಾಲ, ದೀರ್ಘ ದಾಂಪತ್ಯವಾಗಿದ್ದರೆ ಇನ್ನೂ ಸ್ವಲ್ಪ ಹೆಚ್ಚು ಕಾಲ ನೆರವು ಸಿಗಬಹುದು, ಅಷ್ಟೆ. ಆದರೆ ಅದೇ ಸಂಹಿತೆಯಲ್ಲಿ 'ಬೂಡೇಲ್ನಿಂಗ್' ಎಂಬುದೊಂದಿದೆಯಲ್ಲ! ಗಂಡಹೆಂಡತಿ ಬೇರೆ ಒಪ್ಪಂದ ಬರೆದಿಡದಿದ್ದರೆ, ಸಾಲ ಕಳೆದು ಉಳಿದ ಮನೆ, ಷೇರು, ಉಳಿತಾಯವೆಲ್ಲ ಸರಿಪಾಲು. ಕಾಗದದಲ್ಲಿ ಹೆಸರು ಯಾರದ್ದಾದರೂ ಇರಲಿ. ತಾತ್ವಿಕವಾಗಿ, ಜಯನಗರದಲ್ಲಿ ಕೊಂಡ ಸೈಟೂ ಆ ಲೆಕ್ಕದೊಳಗೇ.

1955ರ ಹಿಂದೂ ವಿವಾಹ ಕಾಯ್ದೆಯಲ್ಲಿ ಈ ಅರ್ಧಪಾಲು ಇಲ್ಲ. ಗಂಡನ ಹೆಸರಿನ ಸೈಟು ಗಂಡನದೇ. ಹೆಂಡತಿಗೆ ಉಳಿಯುವುದು ಸ್ತ್ರೀಧನ ಮತ್ತು ಜೀವನಾಂಶ. ನಮ್ಮ ಮಹಾಶಯರಿಗೆ ಬೇಕಾದದ್ದು ಜೀವನಾಂಶಕ್ಕೆ ಸ್ವೀಡನ್ನಿನ ತಕ್ಕಡಿ, ಆಸ್ತಿಗೆ ಇಂಡಿಯಾದ ತಕ್ಕಡಿ. ನೆಂಟರ ಮೇಲೆ ಪ್ರೀತಿ, ಅಕ್ಕಿಯ ಮೇಲೆ ಆಸೆ!

ಕೋರ್ಟು ಕಣ್ಣುಮುಚ್ಚಿ ಕಪ್ಪ ವಿಧಿಸುತ್ತದೆ ಎಂಬುದೂ ಸುಳ್ಳು. ಖಚಿತ ಸೂತ್ರವೆಂಬುದಿಲ್ಲ. ನಿವ್ವಳ ಸಂಬಳದ ಶೇಕಡಾ 25 ನ್ಯಾಯಯುತವೆಂದು ಸುಪ್ರೀಂ ಕೋರ್ಟ್ 2017ರ ಒಂದು ಪ್ರಕರಣದಲ್ಲಿ ಹೇಳಿತು. ಅದು ಅಂದಾಜು, ಕಟ್ಟಳೆಯಲ್ಲ. 2020ರ ನವೆಂಬರ್ 4ರ ರಜನೇಶ್-ನೇಹಾ ತೀರ್ಪು ದಾರಿಯನ್ನು ಸ್ಪಷ್ಟಮಾಡಿತು. ಗಂಡಹೆಂಡಿರಿಬ್ಬರೂ ಆದಾಯ, ಆಸ್ತಿ, ಸಾಲವನ್ನು ಅಫಿಡವಿಟ್ಟಿನಲ್ಲಿ ಬರೆದುಕೊಡಬೇಕು. ಜೀವನಾಂಶ ಅರ್ಜಿ ಹಾಕಿದ ದಿನದಿಂದ ಲೆಕ್ಕ. ಸಂಸಾರದಲ್ಲಿದ್ದಾಗಿನ ಜೀವನಮಟ್ಟ, ಆಕೆಯ ಓದು, ಮನೆಗಾಗಿ ಆಕೆ ಬಿಟ್ಟ ಉದ್ಯೋಗ, ಗಂಡನ ಶಕ್ತಿ, ಅವನನ್ನು ನಂಬಿದವರ ಸಂಖ್ಯೆ, ಎಲ್ಲವನ್ನೂ ತೂಗಬೇಕು. ಪರದೇಶದಲ್ಲಿರುವವರು ಅಲ್ಲಿನ ನಾಣ್ಯದಲ್ಲೇ ಆದಾಯವನ್ನೂ ಖರ್ಚು ತೆರಿಗೆಗಳನ್ನೂ ದಾಖಲೆಸಮೇತ ತೋರಿಸಬೇಕು. ಉತ್ಪ್ರೇಕ್ಷೆ ಮಾಡುವ ಹೆಂಡತಿಯರೂ ಇದ್ದಾರೆ, ಇಲ್ಲವೆನ್ನುವುದಿಲ್ಲ. ಅಫಿಡವಿಟ್ಟು ಅವರನ್ನೂ ಕಟ್ಟಿಹಾಕುತ್ತದೆ.

ನಮ್ಮವರು ಆಡುವ ಆಟವೆಂದರೆ, ತಮ್ಮ ಖರ್ಚನ್ನು ಸ್ಟಾಕ್‌ಹೋಮಿನ ಬಾಡಿಗೆಯಲ್ಲಿ ತೋರಿಸುವುದು, ಹೆಂಡತಿಯ ಅಗತ್ಯವನ್ನು ದಾವಣಗೆರೆಯ ದೋಸೆಯ ಬೆಲೆಯಲ್ಲಿ ಅಳೆಯುವುದು. ಸಂಬಳದ ಚೀಟಿ ಮಾತ್ರ ಆಗ ಹೇಗೋ ಕಳೆದುಹೋಗಿರುತ್ತದೆ! ನಮ್ಮ ಹೆಣ್ಣುಮಕ್ಕಳು ಇದೊಂದನ್ನು ತಿಳಿದಿರಲಿ: ಸ್ವೀಡನ್ನಿನಲ್ಲಿ ತೆರಿಗೆಗೆ ಘೋಷಿಸಿದ ಆದಾಯ ಗುಟ್ಟಲ್ಲ. ಸ್ಕಾಟೆವೆರ್ಕೆಟ್‌ಗೆ ಫೋನು ಮಾಡಿ ಯಾರ ಆದಾಯವನ್ನಾದರೂ ಕೇಳಬಹುದು. ಸರ್ಕಾರಿ ಕಾಗದಪತ್ರಗಳನ್ನು ಜನರಿಗೆ ತೆರೆದಿಡುವ ಈ ಪದ್ಧತಿಗೆ ಇಲ್ಲಿ 1766ರಷ್ಟು ಹಳೆಯ ಬೇರಿದೆ.

ಓದಿದ್ದಾಳಲ್ಲ, ದುಡಿಯಲಿ ಎಂಬುದು ಇನ್ನೊಂದು ವಾದ. ದುಡಿಯಬಲ್ಲಳು ಎಂಬುದು ಬೇರೆ, ದುಡಿಯುತ್ತಿದ್ದಾಳೆ ಎಂಬುದು ಬೇರೆ ಎಂದು ಸುಪ್ರೀಂ ಕೋರ್ಟೇ 2017ರಲ್ಲಿ ಹೇಳಿದೆ. ನಮ್ಮ ವೈದ್ಯವೃತ್ತಿಯನ್ನೇ ತೆಗೆದುಕೊಳ್ಳಿ. ಮೈಸೂರಿನಲ್ಲಿ ಎಂ.ಬಿ.ಬಿ.ಎಸ್. ಮಾಡಿದವಳು ಇಲ್ಲಿ ರೋಗಿಯ ಕೈ ಹಿಡಿಯಬೇಕಾದರೆ ಮೊದಲು ಸ್ವೀಡಿಷ್ ಭಾಷೆಯಲ್ಲಿ ಸಿ-1 ಮಟ್ಟ ಮುಟ್ಟಬೇಕು, ಜ್ಞಾನಪರೀಕ್ಷೆ ದಾಟಬೇಕು, ಆಮೇಲೆ ಆಸ್ಪತ್ರೆಯಲ್ಲಿ ಹಿರಿಯರ ಕೈಕೆಳಗೆ ತಿಂಗಳುಗಟ್ಟಲೆ ದುಡಿಯಬೇಕು. ನಡುವೆ ಒಂದು ಮಗು, ಗಂಡನಿಗೆ ಗೋಥೆನ್‌ಬರ್ಗಿಗೆ ವರ್ಗ. ಹತ್ತು ವರ್ಷ ಕಳೆದ ಮೇಲೆ ಅವಳ ಸರ್ಟಿಫಿಕೇಟು ಪೆಟ್ಟಿಗೆಯ ತಳದಲ್ಲಿರುತ್ತದೆ, ಅವಳ ವಾಸದ ಪರವಾನಗಿ ಗಂಡನ ಪರವಾನಗಿಗೆ ಅಂಟಿಕೊಂಡಿರುತ್ತದೆ. ಆ ಹತ್ತು ವರ್ಷದಲ್ಲಿ ಗಂಡನ ಸಂಬಳ ಏರಿದ್ದು ಯಾರ ಹೆಗಲ ಮೇಲೆ ನಿಂತು?

ಎಲ್ಲಕ್ಕಿಂತ ಅಪಾಯಕಾರಿ ಉಪಾಯವೊಂದಿದೆ. ದೀಪಾವಳಿಗೆಂದು ಹೆಂಡತಿಯನ್ನು ಊರಿಗೆ ಕಳಿಸಿ, ಬೆನ್ನಿಗೇ ಬೆಂಗಳೂರಿನ ಫ್ಯಾಮಿಲಿ ಕೋರ್ಟಿನಲ್ಲಿ ಅರ್ಜಿ ಗುಜರಾಯಿಸುವುದು. ಅಲ್ಲಿ ಅರ್ಧಪಾಲಿನ ಮಾತಿಲ್ಲ. ಜೀವನಾಂಶದ ಆದೇಶವಾದರೂ ಇಲ್ಲಿನ ವಸೂಲಿ ಇಲಾಖೆ ಕ್ರೂನೊಫೋಗ್ಡೆನ್ ಅದನ್ನು ಕೈಗೆತ್ತಿಕೊಳ್ಳುವುದಿಲ್ಲ. ಜೀವನಾಂಶ ವಸೂಲಿಯ 2007ರ ಹೇಗ್ ಒಪ್ಪಂದಕ್ಕೆ ಭಾರತ ಸೇರಿಲ್ಲ. ಅಲ್ಲಿನ ಸಿವಿಲ್ ಪ್ರಕ್ರಿಯಾ ಸಂಹಿತೆಯ 44-ಎ ಕಲಮಿನ ದೇಶಗಳಲ್ಲಿ ಸ್ವೀಡನ್ ಇಲ್ಲದ್ದರಿಂದ ಇಲ್ಲಿನ ಡಿಕ್ರಿಯೂ ಅಲ್ಲಿ ನೇರವಾಗಿ ನಡೆಯದು. ಆದರೂ ಈ ಜಾಣರು ಪೂರ್ತಿ ಪಾರಾಗುವುದಿಲ್ಲ. ಊರಿನ ಆಸ್ತಿಯನ್ನು ಕೋರ್ಟು ಜಪ್ತಿ ಮಾಡಬಲ್ಲದು. ಹಳೆಯ 125ನೇ ಕಲಮಿನ ಜಾಗಕ್ಕೆ 2024ರ ಜುಲೈ 1ರಿಂದ ಬಂದಿರುವ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಮಿನಡಿ, ಬಾಕಿಯಿಟ್ಟ ಪ್ರತಿ ತಿಂಗಳಿಗೂ ಒಂದು ತಿಂಗಳವರೆಗೆ ಸೆರೆಮನೆಯೂ ಉಂಟು.

ಸ್ವೀಡನ್ ಕಾನೂನನ್ನು ಹೊಗಳುವ ಮಿತ್ರರನ್ನು ನಾವು ಒಂದೇ ಮಾತು ಕೇಳುತ್ತೇವೆ: ಮನೆಯ ಕಾಗದದಲ್ಲಿ ನಿಮ್ಮ ಮನೆಯವರ ಹೆಸರಿದೆಯೇ? ಜಯನಗರದ ಸೈಟಿನಲ್ಲಿ? ಇನ್ನು ನಮ್ಮ ಸಮಿತಿಗೊಂದು ಬೇಡಿಕೆ. ಹೊಸದಾಗಿ ಬರುವ ಸೊಸೆಯಂದಿರಿಗೆ ಇದೆಲ್ಲವನ್ನೂ ಕನ್ನಡದಲ್ಲಿ ಒಂದು ಹಾಳೆಯಲ್ಲಿ ಬರೆದು ಹಂಚಬೇಕು, ವರ್ಷಕ್ಕೊಮ್ಮೆ ವಕೀಲರೊಬ್ಬರನ್ನು ಕರೆಸಬೇಕು. ಮುಂದಿನ ವಾರ್ಷಿಕ ಸಭೆಯಲ್ಲಿ ಇದನ್ನು ಠರಾವಾಗಿ ಮಂಡಿಸುತ್ತೇವೆ. ವಿರೋಧಿಸುವವರು ದಯವಿಟ್ಟು ಸಭೆಯಲ್ಲೇ ಎದ್ದುನಿಂತು ವಿರೋಧಿಸಿ.