ಕಂಠವೋ, ಕೊರಳೋ, ಗಂಟಲೋ?



“ಕಂಠವೆಂದರೂ ಅದೇ, ಗಂಟಲೆಂದರೂ ಅದೇ, ಕುತ್ತಿಗೆಯೆಂದರೂ ಅದೇ, ಅರ್ಥವಾದರೆ ಸಾಕು” ಎಂಬ ಮಾತು ಈಚೆಗೆ ಓದಿದವರ ಬಾಯಲ್ಲಿಯೇ ಹೆಚ್ಚಾಗಿ ಕೇಳಿಬರುತ್ತಿದೆ. ಓದದವರು ಹೀಗೆ ಹೇಳುವುದಿಲ್ಲ. ಗದ್ದದ ಕೆಳಗೆ, ಎದೆಯ ಮೇಲೆ ಇರುವ ನಾಲ್ಕೈದು ಬೆರಳಗಲದ ಆ ಎಡೆಯಲ್ಲಿ ಅವರು ಒಳಗನ್ನೂ ಹೊರಗನ್ನೂ, ಮುಂದನ್ನೂ ಹಿಂದನ್ನೂ ಬೇರೆ ಬೇರೆ ಹೆಸರುಗಳಿಂದ ಕರೆಯಬಲ್ಲರು. ಈ ವಿವೇಕವನ್ನು ಕಳೆದುಕೊಂಡವರು ಪಂಡಿತರು, ಅಧಿಕಾರಿಗಳು ಮತ್ತು ಪ್ರಕಟಣೆಗಳನ್ನು ಬರೆಯುವವರು. ಶರೀರದ ಮಾತು, ರೋಗದ ಮಾತು ಬಂದಾಗ ‘ಕಂಠ’ವೆಂಬ ಪೂಜ್ಯಪದವು ಕನ್ನಡದ ಮಾತುಗಳಿಗೆ ಎಡೆಮಾಡಿಕೊಡಬೇಕು, ಹಾಗೆ ಮಾಡದಿದ್ದಲ್ಲಿ ಕೆಡುವುದು ಭಾಷೆಯಷ್ಟೇ ಅಲ್ಲ, ಜೀವವೂ ಹೌದು. ಇದೇ ಈ ಲೇಖನದಲ್ಲಿ ನಾವು ಸಾಧಿಸಬಯಸುವ ವಿಷಯ.

ಮೊದಲು ಕನ್ನಡದ ವಿವೇಕವನ್ನೇ ನೋಡಿರಿ. ಗಂಟಲು ಒಳಗಿನದು. ಅನ್ನ ಇಳಿಯುವುದು ಗಂಟಲಲ್ಲಿ, ಕಡುಬು ಸಿಕ್ಕುವುದು ಗಂಟಲಲ್ಲಿ, ಭಯದಿಂದ ಪಸೆ ಆರುವುದು ಗಂಟಲಲ್ಲಿ. ಕೊರಳು ಹೊರಗಿನದು, ಅದರಲ್ಲಿಯೂ ಮುಂಭಾಗದ್ದು. ಮಾಲೆ, ತಾಳಿ, ಶಿವದಾರಗಳಿಗೆ ಅದು ಸ್ಥಾನ. ಕೊಡವ ಮನೆಯ ವಧುವಿನ ಪತ್ತಾಕ್, ಜೋಮಾಲೆ, ಕೊಕ್ಕೆತಾತಿಗಳು ಶೋಭಿಸುವುದು ಕೊರಳಿನಿಂದಿಳಿದು. ಕುತ್ತಿಗೆ ಅಥವಾ ಕತ್ತು ತಲೆಯನ್ನು ಹೊತ್ತ ಕಂಬ. ಹೊರೆ ಹೊತ್ತರೆ ನೋಯುವುದು, ನಿದ್ದೆಯಲ್ಲಿ ಉಳುಕುವುದು ಅದು. ಅದರ ಹಿಂಬದಿ ಹೆಡಕು. ಅದು ಬಾಗಿ ಆಡುವಾಗ ಗೋಣು. ಆದುದರಿಂದಲೇ ಒಪ್ಪಿಗೆ ಸೂಚಿಸುವವನು ಗೋಣಾಡಿಸುತ್ತಾನೆ. ಬಾಯ ಹಿಂಭಾಗದಲ್ಲಿ ಜೋಲುವುದಕ್ಕೆ ಕಿರುನಾಲಗೆಯೆಂದು ಹೆಸರು. ಇಷ್ಟು ಸೂಕ್ಷ್ಮವಾದ ವಿಂಗಡಣೆಯನ್ನು ಯಾವ ವಿಶ್ವವಿದ್ಯಾಲಯವೂ ಮಾಡಿಕೊಡಲಿಲ್ಲ. ಉಣ್ಣುವ, ದುಡಿಯುವ, ನರಳುವ ಜನ ಮಾಡಿದರು.

“ಈ ಪದಗಳು ಊರಿಂದೂರಿಗೆ ಬದಲಾಗುತ್ತವೆ, ಇವನ್ನು ನಂಬುವುದು ಹೇಗೆ?” ಎಂದು ಆಕ್ಷೇಪಿಸುವವರುಂಟು. ನಿಜ, ಕುತ್ತಿಗೆಗೆ ಹಾರ ಹಾಕಿದರು ಎನ್ನುವವರಿದ್ದಾರೆ, ಕತ್ತಿನಲ್ಲಿ ಸರವಿದೆ ಎನ್ನುವವರೂ ಇದ್ದಾರೆ. ಆದರೆ ಅನ್ನ ಕುತ್ತಿಗೆಯಲ್ಲಿ ಸಿಕ್ಕಿತು ಎನ್ನುವ, ಗಂಟಲಿಗೆ ಮಾಲೆ ಹಾಕಿದೆವು ಎನ್ನುವ ಕನ್ನಡಿಗನನ್ನು ನಾವು ಕಂಡಿಲ್ಲ. ಹೊರಗಿನ ಹೆಸರುಗಳು ತಮ್ಮತಮ್ಮಲ್ಲಿ ಸ್ಥಳ ಬದಲಿಸಬಹುದು. ಒಳಗು ಹೊರಗುಗಳ ಗಡಿಯನ್ನು ಯಾರೂ ದಾಟುವುದಿಲ್ಲ. ನೆರೆಯ ಭಾಷೆಗಳಲ್ಲಿಯೂ ಹೀಗೆಯೇ. ತಮಿಳಿನಲ್ಲಿ ಹೊರಗಿನದು ಕೞುತ್ತು, ಒಳಗಿನದು ತೊಂಡೈ. ಆ ಕೞುತ್ತು ನಮ್ಮ ಕತ್ತಿನ ಒಡಹುಟ್ಟು. ಹಳಗನ್ನಡದಲ್ಲಿ ಅದು ಕೞ್ತು. ನಮ್ಮ ಕೊರಳಿಗೆ ತಮಿಳಿನ ಕುರಲ್ ಬಂಧು. ಅಲ್ಲಿ ಅದಕ್ಕೆ ಧ್ವನಿಯೆಂದು ಅರ್ಥ. ನಾವು ಇಂದಿಗೂ ‘ಒಕ್ಕೊರಲಿನಿಂದ’ ಎನ್ನುವಾಗ ಆ ಹಳೆಯ ಅರ್ಥವನ್ನೇ ಉಳಿಸಿಕೊಂಡಿದ್ದೇವೆ.

ಇನ್ನು ‘ಕಂಠ’ದ ಕಡೆಗೆ ಬರೋಣ. ಸಂಸ್ಕೃತದಲ್ಲಿ ಈ ಪದಕ್ಕೆ ಗಂಟಲು, ಕೊರಳು, ಧ್ವನಿ ಎಂಬ ಮೂರೂ ಅರ್ಥಗಳಿವೆ. ಕಂಠಪಾಠ, ಮುಕ್ತಕಂಠ, ಗದ್ಗದಕಂಠ ಎಂಬಲ್ಲಿ ಅದು ಧ್ವನಿ. ಕಂಠಹಾರ ಎಂಬಲ್ಲಿ ಕೊರಳು. ಕಂಠಶೋಷಣೆ ಎಂಬಲ್ಲಿ ಗಂಟಲು. ಈ ಬಹ್ವರ್ಥವೇ ಪುರಾಣದಲ್ಲಿ ಸೊಬಗು. ಹಾಲಾಹಲವನ್ನು ಶಿವನು ಒಳಗೆ ಇಳಿಯಗೊಡಲಿಲ್ಲ, ಹೊರಗೆ ಉಗುಳಲಿಲ್ಲ, ನಡುವೆಯೇ ತಡೆದನು. ವಿಷ ನಿಂತದ್ದು ಒಳಗೆ, ನೀಲಿ ತೋರಿದ್ದು ಹೊರಗೆ. ಒಳಗು ಹೊರಗುಗಳೆರಡನ್ನೂ ಒಂದೇ ಮಾತಿನಲ್ಲಿ ಹಿಡಿಯುವ ಶಕ್ತಿ ‘ನೀಲಕಂಠ’ ಎಂಬ ನಾಮಕ್ಕುಂಟು. ಅಲ್ಲಿ ಬೇರೆ ಪದ ಸಲ್ಲದು. ಸ್ತೋತ್ರದಲ್ಲಿ ಗುಣವಾದುದು ಚಿಕಿತ್ಸಾಲಯದಲ್ಲಿಯೂ ಗುಣವೇ ಎಂದು ಭಾವಿಸುವುದೇ ಭ್ರಾಂತಿ.

“ಶಾಸ್ತ್ರವು ಕಂಠವೆಂದರೇನೆಂಬುದನ್ನು ನಿಶ್ಚಯಿಸಿಬಿಟ್ಟಿದೆ” ಎಂದು ವಾದಿಸುವವರಿಗೆ ಒಂದು ನಿದರ್ಶನ. ಶಾಲೆಯ ವ್ಯಾಕರಣದಲ್ಲಿ ಅಕಾರ, ಕವರ್ಗ, ಹಕಾರ, ವಿಸರ್ಗಗಳು ಕಂಠ್ಯವೆಂದು ಕಲಿಯುತ್ತೇವೆ. ಪಾಣಿನೀಯ ಸಂಪ್ರದಾಯ ಅದು. ಈಗಲೇ ‘ಕ’ ಎಂದು ಉಚ್ಚರಿಸಿ ನೋಡಿರಿ: ನಾಲಗೆಯ ಹಿಂಭಾಗವು ಅಂಗುಳಿನ ಮೆತ್ತನೆಯ ಭಾಗವನ್ನು ಮುಟ್ಟುತ್ತದೆ, ಕೆಲಸ ನಡೆಯುವುದು ಬಾಯಲ್ಲಿಯೇ. ‘ಹ’ ಎನ್ನಿರಿ: ಆಗ ಉಸಿರು ನಿಜವಾಗಿಯೂ ಗಂಟಲಿನ ಕೆಳಗಣ ಧ್ವನಿಪೆಟ್ಟಿಗೆಯಿಂದಲೇ ಹೊರಡುತ್ತದೆ. ಇದು ಪ್ರಾಚೀನರಿಗೆ ತಿಳಿಯದಿರಲಿಲ್ಲ. ಋಕ್ ಪ್ರಾತಿಶಾಖ್ಯವು ಅಕಾರ ಹಕಾರಗಳನ್ನು ಕಂಠ್ಯಗಳ ಸಾಲಿನಲ್ಲಿಟ್ಟು ಕವರ್ಗವನ್ನು ಜಿಹ್ವಾಮೂಲೀಯವೆಂದು, ಎಂದರೆ ನಾಲಗೆಯ ಬುಡದಲ್ಲಿ ಹುಟ್ಟುವುದೆಂದು, ಬೇರ್ಪಡಿಸಿತು. ಹಕಾರವು ಎದೆಯಿಂದ ಹುಟ್ಟುತ್ತದೆ ಎನ್ನುವವರ ಮತವನ್ನೂ ಅದು ದಾಖಲಿಸಿದೆ. ಶಾಸ್ತ್ರಕಾರರೇ ಚರ್ಚಿಸಿ ಭಿನ್ನಮತ ತಾಳಿದ ಪದವನ್ನು ತಂದು, ಔಷಧದ ಚೀಟಿಯ ಮೇಲೆ ಇದಕ್ಕಿಂತ ನಿಷ್ಕೃಷ್ಟವಾದುದಿಲ್ಲ ಎನ್ನುವುದು ಶಾಸ್ತ್ರಗೌರವವಲ್ಲ, ಶಾಸ್ತ್ರದ ಅಪರಿಚಯ.

ಲಿಂಗಧಾರಣೆಯ ವಿಷಯವೂ ಇದನ್ನೇ ಸಾರುತ್ತದೆ. ಸಿದ್ಧಾಂತಶಿಖಾಮಣಿಯು ಲಿಂಗವನ್ನು ಧರಿಸುವ ಸ್ಥಾನಗಳನ್ನು ಹೇಳುವಾಗ ಶಿರಸ್ಸು, ಕಂಠ, ಕಕ್ಷ, ವಕ್ಷಸ್ಥಲ, ಕುಕ್ಷಿ, ಹಸ್ತಗಳನ್ನು ಒಂದೊಂದಾಗಿ ಎಣಿಸುತ್ತದೆ. ಕಂಠವನ್ನೂ ವಕ್ಷಸ್ಥಲವನ್ನೂ ಬೇರೆ ಬೇರೆ ಹೇಳಿತೆಂಬುದನ್ನು ಗಮನಿಸಿರಿ. ಇಲ್ಲಿ ಕಂಠವೆಂದರೆ ಕೊರಳೇ ಹೊರತು ಗಂಟಲಲ್ಲವೆಂಬುದು ಮಕ್ಕಳಿಗೂ ತಿಳಿಯುವ ಸಂಗತಿ. ಶಿವದಾರ ಕೊರಳಿನಲ್ಲಿ, ಕರಡಿಗೆ ಎದೆಯ ಮೇಲೆ ಇರುವ ರೂಢಿಯನ್ನು ಕಂಡು, ಕಂಠವೂ ಎದೆಯೂ ಒಂದೇ ಎಂದು ಅರ್ಥ ಹೇಳುವವರು ಗ್ರಂಥವನ್ನೂ ಓದಿಲ್ಲ, ರೂಢಿಯನ್ನೂ ನೋಡಿಲ್ಲ. ಅಂಗಾಂಗಗಳನ್ನು ಇಷ್ಟು ಎಚ್ಚರದಿಂದ ಹೆಸರಿಸಿದ ಆಚಾರ್ಯರ ಅನುಯಾಯಿಗಳಿಗೆ ‘ಏನಾದರೇನು’ ಎಂಬ ಮಾತು ತಕ್ಕುದಲ್ಲ.

ಈ ಚರ್ಚೆ ಕೊಡಗಿಗೆ ಏಕೆ ವಿಶೇಷವಾಗಿ ಸಲ್ಲುತ್ತದೆ? ಕೊಡವ ತಕ್ಕ್, ಅರೆಭಾಷೆ, ತುಳು, ಮಲಯಾಳ, ತಮಿಳು, ಯರವ ನುಡಿ, ಕುರುಬ ನುಡಿಗಳು ಒಂದೇ ಸಂತೆಯಲ್ಲಿ ಕೇಳಿಬರುವ ನಾಡಿದು. ಹಾಲೇರಿಯ ವೀರಶೈವ ಅರಸರ ಕಾಲದಿಂದಲೂ ಇಲ್ಲಿ ಎಲ್ಲರಿಗೂ ಸಲ್ಲುವ ಬರಹದ ಭಾಷೆ ಕನ್ನಡ. ದೊಡ್ಡವೀರರಾಜೇಂದ್ರನು ತನ್ನ ವಂಶಚರಿತ್ರೆಯಾದ ‘ರಾಜೇಂದ್ರನಾಮೆ’ಯನ್ನು ಬರೆಯಿಸಿದ್ದು ಕನ್ನಡದಲ್ಲಿ. ತೋಟದ ಲೈನ್ ಮನೆಯಿಂದ ಆಸ್ಪತ್ರೆಗೆ ಬಂದ ರೋಗಿಗೂ ಅವನನ್ನು ವಿಚಾರಿಸುವ ದಾದಿಗೂ ಮನೆಮಾತು ಬೇರೆ ಬೇರೆ. ನಡುವೆ ಇರುವುದು ಕಲಿತ ಕನ್ನಡದ ನಾಲ್ಕು ಮಾತು. ಆ ನಾಲ್ಕು ಮಾತೂ ಅಸ್ಪಷ್ಟವಾದರೆ ಗತಿಯೇನು?

ಜ್ವರದ ಮಗುವಿಗೆ ‘ಕಂಠ ಬಿಗಿದಿದೆ’ ಎಂದು ಬರೆದರೆಂದು ಭಾವಿಸಿರಿ. ಗಂಟಲು ಬಿಗಿದಿದ್ದರೆ ಬಾಯಿ ತೆರೆಸಿ ಬೆಳಕು ಹಿಡಿದು ನೋಡಬೇಕು. ಗಂಟಲುಮಾರಿಯಾದರೆ ಅಲ್ಲಿ ಬಿಳಿಯ ಪೊರೆ ಕಾಣಬಹುದು. ಕುತ್ತಿಗೆ ಬಿಗಿದು, ಗದ್ದ ಎದೆಗೆ ಬಾಗದಿದ್ದರೆ ಅದು ಮೆದುಳಿನ ಪೊರೆಯ ಉರಿಯೂತದ ಸೂಚನೆಯಿರಬಹುದು. ಅಲ್ಲಿ ಗಳಿಗೆ ಗಳಿಗೆಯೂ ಅಮೂಲ್ಯ. ನಾಗರಹಾವು ಕಚ್ಚಿದವನಲ್ಲಿ ವಿಷವು ನರಗಳಿಗೆ ವ್ಯಾಪಿಸಿದಾಗ ರೆಪ್ಪೆ ಜೋಲುತ್ತದೆ, ಗಂಟಲು ನುಂಗಲಾರದು, ಕುತ್ತಿಗೆ ತಲೆಯನ್ನು ಹೊರಲಾರದು. ಗಂಟಲಿನದೊಂದು ಲಕ್ಷಣ, ಕುತ್ತಿಗೆಯದೊಂದು ಲಕ್ಷಣ. ಎರಡನ್ನೂ ‘ಕಂಠ’ದೊಳಗೆ ಹೂಳಿಬಿಟ್ಟರೆ ವೈದ್ಯನಿಗೆ ತಲುಪುವುದೇನು?

ಗಳಗಂಡದ ಉದಾಹರಣೆಯಂತೂ ನಮ್ಮ ಮಣ್ಣಿನದೇ. ಅತಿವೃಷ್ಟಿಯಿಂದ ಬೆಟ್ಟನಾಡಿನ ಮಣ್ಣಿನಲ್ಲಿನ ಅಯೋಡಿನ್ ತೊಳೆದುಹೋಗುತ್ತದೆ; ಆ ನೆಲದ ಬೆಳೆಯಲ್ಲಿಯೂ ನೀರಿನಲ್ಲಿಯೂ ಅದರ ಕೊರತೆ ಕಾಣುತ್ತದೆ. ಮಲೆನಾಡಿನ ಇತರ ಜಿಲ್ಲೆಗಳೊಡನೆ ಕೊಡಗೂ ಈ ರೋಗದ ಪ್ರದೇಶವೆಂದು ಗುರುತಾದುದು ಇದರಿಂದ. ಹಿಮಾಲಯದ ಕಾಂಗ್ರಾ ಕಣಿವೆಯಲ್ಲಿ ಡಾ. ರಾಮಲಿಂಗಸ್ವಾಮಿಯವರ ತಂಡವು 1956ರಲ್ಲಿ ಆರಂಭಿಸಿದ ಅಧ್ಯಯನವು ಅಯೋಡಿನ್ ಬೆರೆಸಿದ ಉಪ್ಪಿನಿಂದ ಗಳಗಂಡ ಇಳಿಯುವುದನ್ನು ತೋರಿಸಿಕೊಟ್ಟಿತು. ಸರಕಾರವು 1962ರಲ್ಲಿ ಗಳಗಂಡ ನಿಯಂತ್ರಣ ಕಾರ್ಯಕ್ರಮವನ್ನು ಆರಂಭಿಸಿ, 1992ರಲ್ಲಿ ಅದನ್ನು ಅಯೋಡಿನ್ ಕೊರತೆಯ ಎಲ್ಲ ತೊಂದರೆಗಳಿಗೂ ವಿಸ್ತರಿಸಿತು. ಇಷ್ಟೆಲ್ಲ ನಡೆದರೂ ‘ಗಳ’ವೆಂದರೆ ಏನೆಂದು ಹಳ್ಳಿಯ ತಾಯಿಗೆ ಯಾರು ಹೇಳಿದರು? ಥೈರಾಯ್ಡ್ ಗ್ರಂಥಿಯಿರುವುದು ಗಂಟಲೊಳಗಲ್ಲ. ಕೊರಳಿನ ಮುಂಭಾಗದ ಕೆಳಗೆ, ಉಸಿರಿನ ಕೊಳವೆಯ ಎರಡೂ ಬದಿಯಲ್ಲಿ. ಒಂದು ಗುಟುಕು ನೀರು ನುಂಗಿದಾಗ ಆ ಗಂಟು ಮೇಲೇರಿ ಇಳಿಯುತ್ತದೆ. ‘ಗಂಟಲಲ್ಲಿ ಗಂಟು’ ಎಂದರೆ ವೈದ್ಯನು ಬಾಯೊಳಗೆ ನೋಡುತ್ತಾನೆ. ‘ಕೊರಳಲ್ಲಿ ಗಂಟು’ ಎಂದರೆ ಕೈಯಿಟ್ಟು ನೋಡುತ್ತಾನೆ. ಮೊದಲನೆಯದು ಹೊಗೆಸೊಪ್ಪು ತಿನ್ನುವವರಲ್ಲಿ ಅರ್ಬುದದ ಸೂಚನೆಯಿರಬಹುದು. ಎರಡನೆಯದು ಗಳಗಂಡವಿರಬಹುದು, ಕ್ಷಯದಿಂದಾದ ಗಂಡಮಾಲೆಯಿರಬಹುದು. ಪದ ಬೇರೆಯಾದರೆ ದಾರಿಯೇ ಬೇರೆ.

“ಹಾಗಾದರೆ ಇಂಗ್ಲಿಷನ್ನೇ ಬಳಸಿದರಾಯಿತು” ಎನ್ನುವವರಿಗೂ ಒಂದು ಮಾತು. ಅವರ ‘ಸರ್ವೈಕಲ್’ ಎಂಬ ಪದ ಲ್ಯಾಟಿನ್ನಿನಲ್ಲಿ ಕುತ್ತಿಗೆಯ ವಾಚಕ. ಕುತ್ತಿಗೆಯ ಎಲುಬಿನ ಸವೆತಕ್ಕೂ ಅದೇ ಮಾತು, ಗರ್ಭಕೋಶದ ಬಾಯಿಯ ಅರ್ಬುದಕ್ಕೂ ಅದೇ ಮಾತು. ನಮ್ಮವರು ಎರಡನೆಯದನ್ನು ‘ಗರ್ಭಕಂಠದ ಕ್ಯಾನ್ಸರ್’ ಎಂದು ಭಾಷಾಂತರಿಸಿ ಕೃತಾರ್ಥರಾದರು. ಭಾರತದಲ್ಲಿ ವರುಷಕ್ಕೆ ಲಕ್ಷಕ್ಕೂ ಮಿಕ್ಕ ಸ್ತ್ರೀಯರಿಗೆ ತಗಲುವ, ಮೊದಲೇ ಕಂಡರೆ ಗುಣವಾಗುವ, ಲಸಿಕೆಯಿಂದ ಬಹುಮಟ್ಟಿಗೆ ತಡೆಯಬಹುದಾದ ರೋಗವದು. ಅದರ ಹೆಸರನ್ನು ಕೇಳಿದ ತಾಯಿ ತನ್ನ ಗಂಟಲನ್ನು ಮುಟ್ಟಿಕೊಂಡರೆ ತಪ್ಪು ಯಾರದು? ‘ಗರ್ಭಕೋಶದ ಕೊರಳು’ ಎಂದರೆ ಕೊಡದ ಕೊರಳನ್ನು ಬಲ್ಲ ಹೆಣ್ಣುಮಗಳಿಗೆ ಒಡನೆಯೇ ಆಕಾರ ಕಣ್ಣಿಗೆ ಕಟ್ಟುತ್ತದೆ. ಕೆಲವು ವೈದ್ಯರು ‘ಗರ್ಭಕೊರಳು’ ಎಂದು ಬರೆಯುತ್ತಿರುವುದು ಸಂತೋಷದ ಸಂಗತಿ.

ಕೊನೆಯದಾಗಿ, “ಗಂಟಲು ಗ್ರಾಮ್ಯ, ಕಂಠ ಗೌರವದ್ದು” ಎಂಬ ವಾದ. ಈ ಪೀಠದ ಭಕ್ತರಿಂದ ಇಂಥ ಮಾತು ಬರಬಾರದು. ಪರಮಾರ್ಥವನ್ನೇ ಶರಣರು ಹನ್ನೆರಡನೆಯ ಶತಮಾನದಲ್ಲಿ ಜನರ ಕನ್ನಡದಲ್ಲಿ ಹೇಳಿದರು. ಕೆಮ್ಮು ನೆಗಡಿಯನ್ನು ಹೇಳಲು ಆ ಕನ್ನಡ ಸಾಲದೆ? ಹದಿನಾಲ್ಕನೆಯ ಶತಮಾನದಲ್ಲಿ ಮಂಗರಾಜನು ವಿಷವೈದ್ಯವನ್ನು ‘ಖಗೇಂದ್ರಮಣಿದರ್ಪಣ’ವೆಂಬ ಕನ್ನಡ ಗ್ರಂಥದಲ್ಲಿ ವಿವರಿಸಿದನು. ನಿಜಗುಣ ಶಿವಯೋಗಿಗಳು ನಾನಾ ಶಾಸ್ತ್ರಗಳ ಸಾರವನ್ನು ‘ವಿವೇಕಚಿಂತಾಮಣಿ’ಯಲ್ಲಿ ಕನ್ನಡ ಗದ್ಯಕ್ಕೆ ಇಳಿಸಿದರು. ಅವರು ಸಂಸ್ಕೃತವನ್ನು ತಿರಸ್ಕರಿಸಿದವರಲ್ಲ, ಅದರಲ್ಲಿ ಪಾರಂಗತರು. ಸಂಸ್ಕೃತವನ್ನು ನಿಜವಾಗಿ ಬಲ್ಲವನಿಗೆ ಅದನ್ನು ಎಲ್ಲಿ ಬಳಸಬಾರದೆಂಬುದೂ ತಿಳಿದಿರುತ್ತದೆ.

ಆದುದರಿಂದ ನಮ್ಮ ಹಳೆಯ ವಿದ್ಯಾರ್ಥಿಗಳಲ್ಲಿ ಉಪಾಧ್ಯಾಯರಾದವರು ಮಕ್ಕಳಿಗೆ ಈ ಪದಗಳ ಭೇದವನ್ನು ತಮ್ಮ ತಮ್ಮ ಮೈಮುಟ್ಟಿ ತೋರಿಸುವಂತೆ ಕಲಿಸಲಿ. ವೈದ್ಯರೂ ದಾದಿಯರೂ ಆದವರು ರೋಗಿಯನ್ನು “ಒಳಗೋ, ಹೊರಗೋ? ಮುಂದೋ, ಹಿಂದೋ? ಬೆರಳಿಟ್ಟು ತೋರಿಸಿ” ಎಂದು ಕೇಳಿ, ಅವನ ಪದವನ್ನೇ ಬರೆದುಕೊಳ್ಳಲಿ. ಕಚೇರಿಗಳಲ್ಲಿರುವವರು ಆರೋಗ್ಯ ಪ್ರಕಟಣೆಗಳಿಗೆ ಸಹಿ ಹಾಕುವ ಮುನ್ನ ಒಮ್ಮೆ ಮನೆಯ ಅಜ್ಜಿಗೆ ಓದಿ ಹೇಳಲಿ. ಆಕೆಗೆ ತಿಳಿಯದ ಪದವನ್ನು ಹೊಡೆದುಹಾಕಲಿ. ಕಂಠವು ಮಂತ್ರದಲ್ಲಿ, ಗಾನದಲ್ಲಿ, ನೀಲಕಂಠನ ನಾಮದಲ್ಲಿ ನಿತ್ಯವೂ ಬೆಳಗಲಿ. ನೋವನ್ನು ಹೇಳುವಾಗ ಮಾತ್ರ ಗಂಟಲು ಗಂಟಲಾಗಿರಲಿ, ಕೊರಳು ಕೊರಳಾಗಿರಲಿ, ಕುತ್ತಿಗೆ ಕುತ್ತಿಗೆಯಾಗಿರಲಿ.