ಬಿಸಿಹಾಲಿನ ಬೆಕ್ಕೂ ನಮ್ಮ ಮನೆಯ ಮರಿಯೂ

ಮಕ್ಕಳೇ, ಬಿಸಿಹಾಲಿಗೆ ಬಾಯಿ ಸುಟ್ಟುಕೊಂಡ ತೆನಾಲಿ ರಾಮಕೃಷ್ಣನ ಬೆಕ್ಕಿನ ಕತೆ ಗೊತ್ತಲ್ಲ? ಆಮೇಲೆ ಅದು ಹಾಲು ಕಂಡರೇ ಓಡುತ್ತಿತ್ತು. ಪಾಂಡವಪುರದ ನಮ್ಮ ಮನೆಯಲ್ಲೂ ಅಂಥದೇ ಪ್ರಸಂಗ ನಡೆಯಿತು.

ಪಕ್ಕದ ಆಲೆಮನೆಯ ಕಬ್ಬಿನ ಸಿಪ್ಪೆಯ ರಾಶಿಯಲ್ಲಿ ತಾಯಿಯಿಲ್ಲದ ಮರಿಯೊಂದು ಸಿಕ್ಕಿತು. ಮನೆಗೆ ತಂದೊಡನೆ ಮೊಮ್ಮಗಳು ಆಸೆಯಿಂದ ಬಾಚಿ ಎತ್ತಿಕೊಳ್ಳಹೋದಳು. ಮರಿ ಬುಸುಗುಟ್ಟಿ ಅಕ್ಕಿಮೂಟೆಯ ಹಿಂದೆ ಅವಿತಿತು. ದಿನವಿಡೀ ಏನೂ ತಿನ್ನಲಿಲ್ಲ. "ತಾತ, ಸತ್ತುಹೋಗುತ್ತಾ?" ಎಂದು ಅವಳು ಅತ್ತಳು.

"ಅದರ ಕಣ್ಣಿಗೆ ನೀನೆಷ್ಟು ದೊಡ್ಡವಳು ನೋಡು! ಕೂತು ಚಿಕ್ಕವಳಾಗು" ಎಂದೆ. ದಿನಾ ಸಂಜೆ ನೆಲದ ಮೇಲೆ ದೂರ ಕೂತು ಮೆಲುದನಿಯಲ್ಲಿ ಪಾಠ ಓದಿದಳು. ಹಸುವಿನ ಹಾಲು ಎಷ್ಟೋ ಮರಿಗಳ ಹೊಟ್ಟೆ ಕೆಡಿಸುತ್ತದೆ. ಅದಕ್ಕೇ ಉಪ್ಪುಖಾರವಿಲ್ಲದೆ ಬೇಯಿಸಿದ ಮೀನನ್ನು ಮುಳ್ಳು ತೆಗೆದು ಇಟ್ಟೆವು. ಬೆಳಗಾಗುವಷ್ಟರಲ್ಲಿ ತಟ್ಟೆ ಖಾಲಿ! ತಟ್ಟೆಯನ್ನು ದಿನಕ್ಕಿಷ್ಟು ಹತ್ತಿರ ಸರಿಸಿದೆವು. ಮರಿ ಇಣುಕಿದಾಗ ಅವಳು ದಿಟ್ಟಿಸದೆ, ನಿಧಾನವಾಗಿ ಕಣ್ಣು ಮುಚ್ಚಿ ತೆರೆಯುತ್ತಿದ್ದಳು. ಹಾಗೆ ಮಾಡುವವರ ಹತ್ತಿರ ಬೆಕ್ಕು ಹೆಚ್ಚು ಬರುತ್ತದೆಂದು 2020ರಲ್ಲಿ ಇಂಗ್ಲೆಂಡಿನ ಸಸೆಕ್ಸ್ ವಿಶ್ವವಿದ್ಯಾಲಯದವರು ಪರೀಕ್ಷಿಸಿ ಹೇಳಿದ್ದಾರೆ.

ಒಂಬತ್ತನೆಯ ದಿನ ಮರಿ ತಾನೇ ಬಂದು ಅವಳ ಬೆರಳು ಮೂಸಿತು. ಎತ್ತಿಕೊಳ್ಳುವ ಆಸೆಯಿದ್ದರೂ ಅವಳು ಅಲುಗಲಿಲ್ಲ.

ಹೆದರಿಸಲು ಒಂದು ಗಳಿಗೆ ಸಾಕು, ಮಕ್ಕಳೇ. ನಂಬಿಕೆ ಗಳಿಸಲು ದಿನಗಳೇ ಬೇಕು.